ಮೊಕ್ರಿನ್ಕಾದ ಕೊನೆಯ ಮನೆ

ಲಂಡನ್ನಿನಿಂದ ವಿಜಯಪುರಕ್ಕೆ ಮರಳಿದ ಮೇಲೆ ನನ್ನನ್ನು ನೋಡಲು ಬಂದವರೆಲ್ಲ ಕೇಳಿದ್ದು ಒಂದೇ. ಅರಮನೆ ನೋಡಿದಿರಾ, ಸೇತುವೆ ನೋಡಿದಿರಾ, ಆ ದೊಡ್ಡ ಗಡಿಯಾರ ನೋಡಿದಿರಾ? ಇಲ್ಲ. ಮೂರು ತಿಂಗಳಿದ್ದೆ, ಒಂದನ್ನೂ ನೋಡಲಿಲ್ಲ. ಅದಕ್ಕಾಗಿ ನನಗೆ ನಾಚಿಕೆಯೂ ಇಲ್ಲ. ನಾನು ಅಲ್ಲಿ ನೋಡಿದ್ದು ಪೋಲೆಂಡಿನ ಒಂದು ಹಳ್ಳಿಯನ್ನು. ಇಪ್ಪತ್ತಮೂರು ಮನೆ, ಒಂದು ಬೀದಿ, ಒಂದು ಹಳ್ಳ. ಅದನ್ನು ನೋಡಲು ಲಂಡನ್ ಬಿಟ್ಟು ಹೊರಗೆ ಕಾಲಿಡಬೇಕಾಗಲಿಲ್ಲ. ಹೇಗೆಂದು ಹೇಳುತ್ತೇನೆ.

ಫೆಲ್ಥಮ್, ಬಾಗಿಲ ಹೊರಗೆ

ಮಗಳು ಅಶ್ವಿನಿಯ ಮನೆ ಫೆಲ್ಥಮ್‌ನಲ್ಲಿದೆ. ವಿಮಾನ ನಿಲ್ದಾಣ ಎಷ್ಟು ಹತ್ತಿರವೆಂದರೆ ಹಿತ್ತಲಲ್ಲಿ ಬಟ್ಟೆ ಒಣಹಾಕುವಾಗ ವಿಮಾನದ ಹೊಟ್ಟೆಯ ಮೇಲಿನ ಅಕ್ಷರಗಳನ್ನು ಓದಬಹುದು. ಮಗಳು, ಅಳಿಯ ಇಬ್ಬರಿಗೂ ಅಲ್ಲೇ ಪಾಳಿಯ ಕೆಲಸ. ಒಬ್ಬರು ಬಂದಾಗ ಇನ್ನೊಬ್ಬರು ಹೊರಡುತ್ತಾರೆ. ಮೊಮ್ಮಗಳು ಇಶಾಗೆ ಹದಿಮೂರು ವರ್ಷ. ನಾನು ಕನ್ನಡದಲ್ಲಿ ಆಡಿದ್ದೆಲ್ಲ ಅವಳಿಗೆ ತಿಳಿಯುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ ಬರುತ್ತದೆ.

ನಾಲ್ಕನೆಯ ದಿನ ಬೆಳಿಗ್ಗೆ ಕಸದ ಚೀಲ ಹಿಡಿದು ಹೊರಗೆ ಬಂದೆ. ಅಲ್ಲಿ ಮೂರು ಬಣ್ಣದ ಡಬ್ಬಿಗಳಿದ್ದವು. ಯಾವ ಕಸ ಯಾವುದಕ್ಕೆ ಎಂದು ನಾನು ಯೋಚಿಸುತ್ತಿರುವಾಗಲೇ ಗಾಳಿ ಬೀಸಿ ಬಾಗಿಲು ಮುಚ್ಚಿಕೊಂಡಿತು. ಆ ಮನೆಯ ಬಾಗಿಲು ಮುಚ್ಚಿದರೆ ತಾನೇ ಬೀಗ ಹಾಕಿಕೊಳ್ಳುತ್ತದೆ. ಕೀಲಿ ಒಳಗೆ, ಫೋನು ಒಳಗೆ. ಇಳಕಲ್ ಸೀರೆಯ ಮೇಲೆ ಅಳಿಯನ ಹಳೆಯ ಸ್ವೆಟರ್, ಕಾಲಲ್ಲಿ ಹವಾಯಿ ಚಪ್ಪಲಿ, ಈ ವೇಷದಲ್ಲಿ ನಾನು ಹೊರಗೆ. ಇಶಾ ಶಾಲೆಯಿಂದ ಬರುವುದು ಮಧ್ಯಾಹ್ನದ ಮೇಲೆ.

ಎದುರು ಮನೆಯ ಕಿಟಕಿಯ ಗಾಜಿಗೆ ಯಾರೋ ಕೋಲಿನಿಂದ ಕುಟ್ಟಿದರು. ನೋಡಿದರೆ ಬೆಳ್ಳನೆಯ ಕೂದಲಿನ ಒಬ್ಬ ಮುದುಕಿ. ಬಾ ಎಂದು ಅದೇ ಕೋಲಿನಿಂದ ಸನ್ನೆ ಮಾಡಿದರು. ಹೋದೆ.

ಅವರ ಹೆಸರು ಝೋಫಿಯಾ. ತೊಂಬತ್ತು ದಾಟಿದ ಪೋಲೆಂಡಿನ ಹೆಂಗಸು, ಒಬ್ಬರೇ ಇದ್ದರು. ತನ್ನನ್ನು ಪಾನಿ ಝೋಫಿಯಾ ಎಂದು ಕರೆಯಬೇಕು ಎಂದರು. ಪಾನಿ ಎಂದರೆ ಅವರ ಭಾಷೆಯಲ್ಲಿ ಅಮ್ಮಾವರು ಎಂಬಂತೆ. ವಿಜಯಪುರದಲ್ಲಿ ಹುಟ್ಟಿ ಬೆಳೆದವಳು ಪಾನಿ ಎಂದು ಕೇಳಿದರೆ ಏನು ಮಾಡುತ್ತಾಳೆ? ಎದ್ದು ಹೋಗಿ ಒಂದು ಲೋಟ ನೀರು ತಂದುಕೊಟ್ಟೆ. ಅವರು ಗಂಭೀರವಾಗಿ ಕುಡಿದು, ಇನ್ನೊಮ್ಮೆ ಹೆಸರು ಹೇಳಿದರು. ಅವರ ಇಂಗ್ಲಿಷಿಗೆ ಪೋಲಿಷ್ ಭಾಷೆಯ ಧಾಟಿ, ನನ್ನದು ಸರ್ಕಾರಿ ಕಚೇರಿಯ ಇಂಗ್ಲಿಷ್. ಇಲ್ಲಿ ಎರಡನ್ನೂ ಕನ್ನಡದಲ್ಲೇ ಬರೆಯುತ್ತೇನೆ.

ಊಟದ ಮೇಜಿನ ಮೇಲೆ, ಗೋಡೆಗೆ ಅಂಟಿಸುವ ಕಾಗದದ ಸುರುಳಿಯೊಂದನ್ನು ಮಗುಚಿ ಹಾಸಿದ್ದರು. ಅದರ ಹಿಂಬದಿಯಲ್ಲಿ ಪೆನ್ಸಿಲ್ಲಿನಿಂದ ಒಂದು ಊರಿನ ನಕಾಶೆ ಬರೆದಿದ್ದರು. ನಾನು ಮೂವತ್ತೈದು ವರ್ಷ ಭೂಮಾಪನ ಇಲಾಖೆಯಲ್ಲಿ ನಕಾಶೆ ಬರೆದವಳು. ಕಣ್ಣು ತಾನಾಗಿ ಅಲ್ಲಿಗೆ ಹೋಯಿತು, ಬಾಯಿಯೂ ಸುಮ್ಮನಿರಲಿಲ್ಲ.

"ಈ ಹಳ್ಳ ತಪ್ಪು," ಎಂದೆ.

"ಏನು?"

"ಇಲ್ಲಿ ಮರಳು ದಿಬ್ಬ ಎಂದು ಬರೆದಿದ್ದೀರಿ. ಹಳ್ಳ ದಿಬ್ಬದ ಕಡೆಗೆ ಹರಿಯುತ್ತಿದೆ. ನೀರು ಏರು ಹತ್ತುವುದಿಲ್ಲ."

"ನೀವು ಮೊಕ್ರಿನ್ಕಾಗೆ ಹೋಗಿದ್ದೀರಾ?"

"ಇಲ್ಲ. ನೀರನ್ನು ನೋಡಿದ್ದೇನೆ."

ಅವರು ನನ್ನನ್ನು ದಿಟ್ಟಿಸಿದರು. ಆಮೇಲೆ ಪೆನ್ಸಿಲ್ಲನ್ನು ನನ್ನ ಕಡೆಗೆ ದೂಡಿ, "ಹಾಗಾದರೆ ಸರಿ ಮಾಡಿ," ಎಂದರು.

ಎದುರು ಮನೆ, ಮೂರು ವಾರ

ಮೊಕ್ರಿನ್ಕಾ ಎಂದರೆ ಒದ್ದೆ ನೆಲ ಎಂಬಂಥ ಅರ್ಥವಂತೆ. ಪೋಲೆಂಡಿನ ಪೂರ್ವದ ಅಂಚಿನಲ್ಲಿ, ಎರಡು ತಗ್ಗು ಮರಳು ದಿಬ್ಬಗಳ ನಡುವೆ ಅದು ಇತ್ತು. ಇತ್ತು ಎಂದೇ ಹೇಳಬೇಕು, ಈಗಿಲ್ಲ. ಉತ್ತರಕ್ಕೆ ಪೈನ್ ಕಾಡು. ಪೂರ್ವಕ್ಕೆ ಜೌಗು, ಅದರ ತುಂಬ ಆಲ್ಡರ್ ಎಂಬ ಮರಗಳು. ನಡುವೆ ಉದ್ದಕ್ಕೆ ಒಂದೇ ಬೀದಿ, ಎರಡೂ ಬದಿ ಮರದ ಮನೆಗಳು. ಪ್ರತಿ ಮನೆಯ ಹಿಂದೆ ಅದರದೇ ಹೊಲ, ಸೀರೆ ಬಿಡಿಸಿ ಹಾಸಿದಂತೆ ಅಗಲ ಕಡಿಮೆ, ಉದ್ದ ಬಹಳ. ಅಣ್ಣತಮ್ಮಂದಿರು ಪಾಲು ಮಾಡಿಕೊಂಡಾಗಲೆಲ್ಲ ಇನ್ನಷ್ಟು ಸಪೂರ. ನಮ್ಮ ಡೋಣಿ ಹೊಳೆಯ ದಂಡೆಯಲ್ಲೂ ನಾನು ಇಂಥವೇ ಪಟ್ಟಿಗಳನ್ನು ಅಳೆದಿದ್ದೇನೆ. ನಮ್ಮಲ್ಲಿ ಎರೆಮಣ್ಣು, ಬಿಳಿಜೋಳ. ಅವರಲ್ಲಿ ಮರಳು, ರೈ ಎಂಬ ಕಪ್ಪು ರೊಟ್ಟಿಯ ಧಾನ್ಯ. ಬದುವಿನ ಜಗಳ ಮಾತ್ರ ಎರಡೂ ಕಡೆ ಒಂದೇ.

ಪಾನಿ ಝೋಫಿಯಾ ಆ ಊರನ್ನು ಬಿಟ್ಟಾಗ ಅವರಿಗೆ ಎಂಟು ತುಂಬಿತ್ತು. ಎಂಟು ವರ್ಷದ ಮಗುವಿನ ನೆನಪಿನಲ್ಲಿ ಗಜ, ಮೀಟರು ಇರುವುದಿಲ್ಲ. ಹಾಗಾಗಿ ನಾನು ಬೇರೆ ರೀತಿ ಕೇಳಿದೆ. ಬೆಳಿಗ್ಗೆ ಹಾಲು ಕುಡಿಯುವಾಗ ಬಿಸಿಲು ಯಾವ ಕಡೆಯ ಕಿಟಕಿಯಿಂದ ಬರುತ್ತಿತ್ತು? ಅಮ್ಮ ಕೂಗಿದರೆ ಬಾವಿಯ ಹತ್ತಿರ ಕೇಳುತ್ತಿತ್ತೇ? ಬೀದಿಯಲ್ಲಿ ನೀರು ಮೊದಲು ಹೆಪ್ಪುಗಟ್ಟುತ್ತಿದ್ದದ್ದು ಯಾರ ಮನೆ ಮುಂದೆ? ಒಂದೊಂದು ಪ್ರಶ್ನೆಗೂ ಅವರು ಕಣ್ಣು ಮುಚ್ಚಿ ನಡೆದುಹೋಗಿ ಬಂದು ಉತ್ತರ ಹೇಳುತ್ತಿದ್ದರು. ಇಶಾ ಶಾಲೆಯಿಂದ ಬಂದು ಲ್ಯಾಪ್‌ಟಾಪಿನಲ್ಲಿ ಆಕಾಶದಿಂದ ತೆಗೆದ ಚಿತ್ರ ಹುಡುಕಿದಳು. ಬರೀ ಕಾಡು. ಆ ಹಸಿರಿನ ನಡುವೆ ಒಂದು ನೆಟ್ಟಗಿನ ತೆಳು ಗೆರೆ.

"ದಟ್ಸ್ ದ ಸ್ಟ್ರೀಟ್, ಅಜ್ಜಿ!" ಎಂದಳು.

ಆ ಗೆರೆಯೇ ನಮಗೆ ಅಳತೆಗೋಲಾಯಿತು. ಹೊಸ ಹಾಳೆ ತಂದೆವು. ಹಳ್ಳ ಸರಿಯಾದ ಕಡೆಗೆ ಹರಿಯಿತು.

ಈ ಕೆಲಸಕ್ಕೆ ಒಂದು ಗಡುವಿತ್ತು. ಪಶ್ಚಿಮ ಲಂಡನ್ನಿನ ಹಳೆಯ ಪೋಲಿಷ್ ಕುಟುಂಬಗಳವರು ತಮ್ಮ ಸಭಾಭವನದಲ್ಲಿ ಪ್ರದರ್ಶನವೊಂದನ್ನು ಏರ್ಪಡಿಸಿದ್ದರು. ಯುದ್ಧದಲ್ಲಿ ಕಳೆದುಕೊಂಡ ಊರಿನ ಚಿತ್ರವನ್ನೋ ಫೋಟೋವನ್ನೋ ಯಾರು ಬೇಕಾದರೂ ತಂದು ತೂಗುಹಾಕಬಹುದು. ಆ ಭವನವೊಂದೇ ಪಾನಿ ಝೋಫಿಯಾರಿಗೆ ಉಳಿದ ನಂಟು. ಭಾನುವಾರ ಅಲ್ಲಿಯ ಯಾರೋ ಕಾರು ತಂದು ಚರ್ಚಿಗೆ ಕರೆದೊಯ್ಯುತ್ತಿದ್ದರು. ಜ್ವರ ಬಂದರೆ ಸೂಪು ತರುತ್ತಿದ್ದವರೂ ಅವರೇ.

ಮನೆಮನೆಗೆ ಹೆಸರು ಬರೆಯುತ್ತ ಬಂದೆವು. ಏಳನೆಯ ಮನೆಗೆ ಬಂದಾಗ, "ಅದನ್ನು ಖಾಲಿ ಬಿಡಿ," ಎಂದರು. ಬಿಟ್ಟೆ. ಇಪ್ಪತ್ತಮೂರನೆಯದು ಜೌಗಿನ ಅಂಚಿನ ಮನೆ. ಅದನ್ನು ಬರೆಯಿಸುವಾಗ ಅವರು ಕೋಲು ಊರಿಕೊಂಡು ಎದ್ದು ನಿಂತರು.

"ಇದು ಗಾಜಿನ ಕೆಲಸದ ಮೋಷೆಯ ಮನೆ. ಊರಿನ ಕಿಟಕಿಗಳಿಗೆಲ್ಲ ಗಾಜು ಕೂರಿಸಿದವನು ಅವನೇ. ಊರಿಗೆ ಒಂದೇ ಯಹೂದಿ ಮನೆ. ಅವನ ಮಗಳು ರುಖ್ಲಾ ನನ್ನ ಓರಗೆಯವಳು. ನನಗಿಂತ ಜೋರಾಗಿ ಓಡುತ್ತಿದ್ದಳು, ನನಗೆ ಹೊಟ್ಟೆಕಿಚ್ಚು."

ಜರ್ಮನರು ಬಂದು ಸುತ್ತಲ ಊರುಗಳ ಯಹೂದಿಗಳನ್ನು ಒಯ್ಯತೊಡಗಿದಾಗ ಮೋಷೆ ಹೆಂಡತಿ ಮಕ್ಕಳೊಂದಿಗೆ ಜೌಗಿನ ಮರಗಳ ನಡುವೆ ಅಡಗಿದ. ಪಾನಿ ಝೋಫಿಯಾರ ಅಮ್ಮ ಒಂದು ಬೊಡ್ಡೆಯ ಹಿಂದೆ ರೊಟ್ಟಿ ಇಟ್ಟು ಬರುತ್ತಿದ್ದರು. ಕೆಲವು ವಾರಗಳಾದ ಮೇಲೆ ಸಿಪಾಯಿಗಳು ನೇರ ಅಲ್ಲಿಗೇ ಹೋದರು. ನಾಲ್ವರನ್ನೂ ಬೀದಿಯ ತುದಿಗೆ ತಂದು ಗುಂಡಿಕ್ಕಿದರು.

"ಯಾರೋ ತೋರಿಸಿಕೊಟ್ಟಿದ್ದರು," ಎಂದೆ.

"ಯಾರೋ ಅಲ್ಲ. ಏಳನೆಯ ಮನೆ. ನನ್ನ ಚಿಕ್ಕಪ್ಪ. ಅದಕ್ಕೆ ಅವರು ಅವನಿಗೆ ಸಕ್ಕರೆ ಕೊಟ್ಟರು. ಯುದ್ಧದಲ್ಲಿ ಸಕ್ಕರೆ ಎಲ್ಲಿತ್ತು? ಅವನು ನನ್ನನ್ನು ಕರೆದು ಅಂಗೈ ತುಂಬ ಹಾಕಿದ. ನಾನು ನೆಕ್ಕಿದೆ. ಅದು ಎಲ್ಲಿಂದ ಬಂತೆಂದು ಅಮ್ಮ ಆಮೇಲೆ ಹೇಳಿದಳು."

ಮರುವರ್ಷ ಇಡೀ ಊರಿನ ಸರದಿ ಬಂತು. ಬೆಳಗಾಗುವಾಗ ಸಿಪಾಯಿಗಳು ಬೀದಿಯ ಎರಡೂ ತುದಿಯಲ್ಲಿ ನಿಂತು, ಕೈಗೆ ಸಿಕ್ಕಿದ್ದನ್ನು ಗಂಟು ಕಟ್ಟಿಕೊಂಡು ಹೊರಡಿ ಎಂದರು. ಜನ ಇನ್ನೂ ದಿಬ್ಬ ದಾಟಿರಲಿಲ್ಲ, ಹಿಂದೆ ಮನೆಗಳು ಉರಿಯುತ್ತಿದ್ದವು. ತಾಯಿ ಮಗಳು ಜರ್ಮನಿಯ ಒಂದು ತೋಟದಲ್ಲಿ ದುಡಿದರು. ಯುದ್ಧ ಮುಗಿದ ಮೇಲೆ ನಿರಾಶ್ರಿತರ ಶಿಬಿರ, ಅಲ್ಲಿಂದ ಇಂಗ್ಲೆಂಡು.

"ಅದು ನಮಗೆ ದೇವರು ಕೊಟ್ಟ ಶಿಕ್ಷೆ ಎಂದು ಕೆಲವರು ಹೇಳಿದರು," ಎಂದರು ಪಾನಿ ಝೋಫಿಯಾ. "ನಾನು ಒಪ್ಪುವುದಿಲ್ಲ. ಮೋಷೆಯನ್ನು ಕೊಂದವರು ಜರ್ಮನರು. ನಮ್ಮ ಊರು ಸುಟ್ಟವರೂ ಜರ್ಮನರು. ತೋರಿಸಿಕೊಟ್ಟವನು ನನ್ನ ಚಿಕ್ಕಪ್ಪ. ಮೂರೂ ನಿಜ. ಮನೆಯನ್ನು ಬರೆಯಿರಿ, ಕೆಳಗೆ ನಾಲ್ಕು ಹೆಸರು ಬರೆಯಿರಿ. ಏನಾಯಿತೆಂದು ಎರಡು ಸಾಲು ಬರೆಯಿರಿ."

ಬರೆದೆವು. ಪೆನ್ಸಿಲ್ಲಿನಲ್ಲಿ.

ಆ ವಾರವೇ ಪ್ರದರ್ಶನದ ಉಸ್ತುವಾರಿ ಹೊತ್ತ ತಾದೇವುಷ್ ಎಂಬವರು ನಕಾಶೆ ನೋಡಲು ಬಂದರು. ಎಪ್ಪತ್ತರ ಆಸುಪಾಸಿನ ಸಜ್ಜನ, ಇಲ್ಲೇ ಹುಟ್ಟಿದವರು. ಬಂದವರೇ ಬಾಗಿ ನನ್ನ ಕೈಗೆ ಮುತ್ತಿಟ್ಟರು. ಅದು ಅವರಲ್ಲಿ ಹಿರಿಯ ಹೆಂಗಸರಿಗೆ ತೋರುವ ಗೌರವವಂತೆ. ನನಗೆ ಎಲ್ಲಿ ನೋಡಬೇಕೋ ತಿಳಿಯದೆ ಅವರ ಬೋಳುತಲೆಯನ್ನೇ ನೋಡಿದೆ. ಇಶಾ ಸೋಫಾದ ದಿಂಬಿನಲ್ಲಿ ಮುಖ ಹುದುಗಿಸಿ ನಕ್ಕಳು.

ಅವರು ನಕಾಶೆಯನ್ನು ಬಹಳ ಹೊಗಳಿದರು. ಕೊನೆಯ ಮನೆಗೆ ಬಂದಾಗ ಬೆರಳು ನಿಂತಿತು. ಇಬ್ಬರೂ ಪೋಲಿಷ್ ಭಾಷೆಯಲ್ಲಿ ಮಾತಾಡಿದರು, ಮೊದಲು ಮೆಲ್ಲಗೆ, ಆಮೇಲೆ ಜೋರಾಗಿ. ಕೊನೆಗೆ ಅವರು ನನಗೂ ತಿಳಿಯಲೆಂದು ಇಂಗ್ಲಿಷಿನಲ್ಲಿ ಹೇಳಿದರು.

"ನಾವು ಎಲ್ಲವನ್ನೂ ಕಳೆದುಕೊಂಡ ಜನ, ಮೇಡಂ. ಸಭೆಗೆ ಮಕ್ಕಳು, ಮೊಮ್ಮಕ್ಕಳು ಬರುತ್ತಾರೆ. ಅವರಿಗೆ ನಾವು ಕೊಡಬಹುದಾದದ್ದು ಊರಿನ ನೆನಪೊಂದೇ. ಅದಕ್ಕೂ ಮಸಿ ಬಳಿಯಬೇಕೆ? ಅಲ್ಲಿ ಮರಗಳನ್ನು ಬರೆಯಿರಿ. ಮರಗಳೂ ಇದ್ದವಲ್ಲ."

ಟೂಟಿಂಗ್, ಒಂದು ಭಾನುವಾರ

ಪಾನಿ ಝೋಫಿಯಾರಿಗೆ ದೋಸೆ ತಿನ್ನಿಸಬೇಕೆಂದು ಇಶಾ ಹಟ ಹಿಡಿದಳು. ದೋಸೆ ಹೋಟೆಲುಗಳಿರುವುದು ದಕ್ಷಿಣ ಲಂಡನ್ನಿನ ಟೂಟಿಂಗ್‌ನಲ್ಲಿ. ದಾರಿ ತೋರಿಸುವ ಹೊಣೆಯೂ ಅವಳದೇ. ರೈಲು ಸರಿಯಾಗಿಯೇ ಹತ್ತಿಸಿದಳು, ಬಸ್ಸು ಮಾತ್ರ ಎದುರು ದಿಕ್ಕಿನದು. ಟೂಟಿಂಗ್ ನಮ್ಮ ಬೆನ್ನ ಹಿಂದೆ ದೂರವಾಗುತ್ತ ಹೋಯಿತು. ತೊಂಬತ್ತು ದಾಟಿದವರನ್ನು ಇಳಿಸಿ, ರಸ್ತೆ ದಾಟಿಸಿ, ಇನ್ನೊಂದು ಬಸ್ಸು ಹತ್ತಿಸಿದೆವು. ಅವರು ಗೊಣಗಲಿಲ್ಲ. ಆ ದಿನ ಅವರು ಮಾತೇ ಕಡಿಮೆ ಆಡಿದರು.

ಹೋಟೆಲಿನವನು ಕುಂದಾಪುರದ ಕಡೆಯವನು. ನನ್ನ ಸೀರೆ ನೋಡಿ ಕನ್ನಡದಲ್ಲೇ ಶುರು ಮಾಡಿದ: "ಅಮ್ಮ, ಆ ಅಜ್ಜಿಯವ್ರಿಗೆ ಚಟ್ನಿ ಖಾರ ಆತ್ತಾ ಏನೋ, ಬೆಣ್ಣೆ ಕೊಡ್ಲಾ?"

ಬೆಣ್ಣೆ ಹಚ್ಚಿದ ದೋಸೆಯನ್ನು ಚಾಕುವಿನಿಂದ ಅಚ್ಚುಕಟ್ಟಾಗಿ ಚೌಕ ಮಾಡಿ ತಿನ್ನುತ್ತ ಪಾನಿ ಝೋಫಿಯಾ ಹೇಳಿದರು, "ಕೊನೆಯ ಮನೆಯನ್ನು ಅಳಿಸಿಬಿಡಿ. ಮರ ಬರೆಯಿರಿ."

"ಯಾಕೆ?"

"ಇವತ್ತು ಚರ್ಚಿಗೆ ಕಾರು ಬರಲಿಲ್ಲ. ಫೋನು ಮಾಡಿದರೆ ಯಾರೂ ಎತ್ತಲಿಲ್ಲ. ನನಗೆ ಎಷ್ಟು ದಿನ ಉಳಿದಿದೆ? ಆ ದಿನಗಳಲ್ಲಿ ಒಬ್ಬಳೇ ಕೂರಲಾರೆ."

ನಾನು ಕೈ ಒರೆಸಿಕೊಂಡೆ. ಯಾರಿಗೂ ಹೇಳದ ಒಂದು ಸಂಗತಿ ನನ್ನಲ್ಲಿತ್ತು, ಗಂಡನಿಗೂ ಹೇಳಿರಲಿಲ್ಲ. ಅಲ್ಲಿ, ಆ ಗದ್ದಲದಲ್ಲಿ, ಹೇಳಿದೆ.

ಕೆಲಸಕ್ಕೆ ಸೇರಿದ ಹೊಸತು. ಡೋಣಿ ದಂಡೆಯ ಒಂದು ಊರಿನ ನಕಾಶೆ ನನ್ನ ಪಾಲಿಗೆ ಬಂತು. ಅಲ್ಲಿ ದಲಿತರ ಕೇರಿಯಿಂದ ಅವರ ಮಸಣಕ್ಕೆ ಒಂದು ಕಾಲುದಾರಿ, ದೊಡ್ಡವರೊಬ್ಬರ ಹೊಲದ ನಡುವೆ ಹಾದು ಹೋಗುತ್ತಿತ್ತು. ಅಳೆದವರು ಗುರುತು ಹಾಕಿಕೊಂಡು ಬಂದಿದ್ದರು, ನಾನು ಚುಕ್ಕಿಗೆರೆ ಎಳೆದಿದ್ದೆ. ಸಾಹೇಬರು ನೋಡಿ, "ಬಾಯಾರ, ಅದು ದಾರಿ ಅಲ್ಲ, ಕಾಲು ಸವದ ಗುರ್ತು. ತಗೀರಿ ಅದನ್ನ," ಎಂದರು. ಬ್ಲೇಡಿನಿಂದ ಕೆರೆದು ತೆಗೆದೆ. ಅರ್ಧ ನಿಮಿಷದ ಕೆಲಸ. ಹಲವು ವರ್ಷಗಳ ಮೇಲೆ ಕಚೇರಿಯ ಪಡಸಾಲೆಯಲ್ಲಿ ಒಬ್ಬ ಮನುಷ್ಯ ನಕಾಶೆಯ ನಕಲು ಹಿಡಿದು ನಿಂತಿದ್ದ. ಹೊಲದವರು ಬೇಲಿ ಹಾಕಿದ್ದರು. ಅವನ ತಾಯಿಯ ಹೆಣ ಬೇಲಿಯ ಮುಂದೆ ಹೊತ್ತು ಮುಳುಗುವವರೆಗೆ ಕಾದಿತ್ತು. "ಬಾಯಾರ, ಇದರಾಗ ನಮ್ಮ ದಾರಿ ಎಲ್ಲೈತಿ, ಬೊಟ್ಟ ಇಟ್ಟು ತೋರಸ್ರಿ," ಎಂದ. ನಕಾಶೆಯ ಮೂಲೆಯಲ್ಲಿ ನನ್ನ ಸಹಿ ಇತ್ತು. ನಾನು, "ನಕಾಶೆದಾಗ ಇಲ್ಲಪಾ," ಎಂದೆ. ಅವನು ಹೋದ.

ಇಶಾ ತಟ್ಟೆ ಬಿಟ್ಟು ನನ್ನನ್ನೇ ನೋಡುತ್ತಿದ್ದಳು. "ಅಜ್ಜಿ, ಯು ಜಸ್ಟ್ ರಬ್ಡ್ ಇಟ್ ಔಟ್?"

"ಹೂಂ."

"ದಟ್ಸ್ ಹಾರಿಬಲ್."

"ಹೂಂ, ಹೌದವಾ."

ಪಾನಿ ಝೋಫಿಯಾರ ಕಡೆ ತಿರುಗಿ ಹೇಳಿದೆ, "ನಾನು ಒಂದು ಸಲ ಅಳಿಸಿದ್ದೇನೆ. ಇನ್ನೊಮ್ಮೆ ಅಳಿಸುವುದಿಲ್ಲ. ಬೇರೆ ಯಾರಿಂದಾದರೂ ಅಳಿಸಿಕೊಳ್ಳಿ. ಭಾನುವಾರದ ಕಾರು ನನ್ನ ಹತ್ತಿರ ಇಲ್ಲ, ನಿಜ. ಇರುವಷ್ಟು ದಿನ ನಿಮ್ಮ ಮನೆಗೆ ಬರುತ್ತೇನೆ. ನಾನು ಹೋದ ಮೇಲೆ ಇವಳು ಬರುತ್ತಾಳೆ."

ಇಶಾ ಅಷ್ಟೇನೂ ಯೋಚಿಸದೆ ತಲೆಯಾಡಿಸಿದಳು.

ಪಾನಿ ಝೋಫಿಯಾ ಉಳಿದ ದೋಸೆಯನ್ನು ಪೂರ್ತಿ ತಿಂದರು. ತುಟಿ ಒರೆಸಿಕೊಂಡು, "ಶಾಯಿಯಲ್ಲಿ ಬರೆಯಿರಿ," ಎಂದರು.

ಸಂಜೆ ಸುದ್ದಿ ಕೇಳಿ ಅಶ್ವಿನಿ ಸಿಟ್ಟಾದಳು. "ಅವ್ವಾ, ಮಂದಿ ಜಗಳದಾಗ ನೀ ಯಾಕ ಬೀಳ್ತಿ? ವೀಸಾದ ಮ್ಯಾಲೆ ಬಂದಾಕಿ ನೀ. ನಾಳೆ ಅವ್ರು ಯಾರಿಗರೆ ಕಂಪ್ಲೇಂಟ್ ಕೊಟ್ರ?"

"ಏನಂತ ಕೊಡ್ತಾರ? ಮುದುಕಿ ನಕಾಶೆ ತಗದ್ಲು ಅಂತನಾ? ಕೊಡ್ಲಿ."

"ನಾ ಇಲ್ಲೇ ಇರಾಕಿ ಅವ್ವಾ. ಅವ್ರ ಮುಖ ನಾ ನೋಡ್ಬೇಕು, ನೀ ಅಲ್ಲ."

ಅವಳ ಮಾತಿನಲ್ಲಿ ಸುಳ್ಳಿರಲಿಲ್ಲ. ಆದರೂ ಮರುದಿನ ಪೇಟೆಗೆ ಹೋಗಿ, ನೀರು ಬಿದ್ದರೂ ಹರಡದ ಕಪ್ಪು ಶಾಯಿಯ ಪೆನ್ನು ತಂದೆ.

ಸಭಾಭವನ, ಶನಿವಾರ

ನಕಾಶೆಯನ್ನು ಎರಡು ದಿನ ಮೊದಲೇ ಕಳಿಸಿದ್ದೆವು. ಶನಿವಾರ ನಾನು, ಇಶಾ, ಪಾನಿ ಝೋಫಿಯಾ ಟ್ಯಾಕ್ಸಿಯಲ್ಲಿ ಹೋದೆವು. ಮೇಜಿನ ಮೇಲೆ ಗಸಗಸೆ ತುಂಬಿದ ಕೇಕುಗಳು. ಕೋಟಿನ ಮೇಲೆ ಅಪ್ಪಂದಿರ ಪದಕ ಸಿಕ್ಕಿಸಿಕೊಂಡ ವೃದ್ಧರು. ಕಸೂತಿ ಅಂಗಿ ತೊಡಿಸಿಕೊಂಡು ಕೆರೆದುಕೊಳ್ಳುತ್ತಿದ್ದ ಮಕ್ಕಳು, ಹಿರಿಯರ ಪೋಲಿಷ್ ಮಾತಿಗೆ ಇಂಗ್ಲಿಷಿನಲ್ಲಿ ಉತ್ತರಿಸುತ್ತಿದ್ದರು. ಅದನ್ನು ಕೇಳಿ ನನಗೆ ನಮ್ಮ ಮನೆಯಲ್ಲೇ ಇದ್ದಂತೆನಿಸಿತು.

ನಕಾಶೆ ಮೊದಲು ಕಂಡದ್ದು ಇಶಾಗೆ. "ಅಜ್ಜಿ, ದೇ ಹ್ಯಾವ್ ಕವರ್ಡ್ ಇಟ್."

ಹೌದು. ಊರಿನ ಹೆಸರು ಅಚ್ಚು ಮಾಡಿಸಿದ ಅಂದವಾದ ಚೀಟಿಯೊಂದನ್ನು ಅಂಟಿಸಿದ್ದರು. ನಕಾಶೆಯ ತಲೆಯ ಮೇಲೆ ಬೇಕಾದಷ್ಟು ಜಾಗವಿತ್ತು. ಅಂಟಿಸಿದ್ದು ಮಾತ್ರ ಕೆಳಗೆ ಬಲಗಡೆ, ಇಪ್ಪತ್ತಮೂರನೆಯ ಮನೆಯ ಮೇಲೆ. ಮೊಕ್ರಿನ್ಕಾ, ಯುದ್ಧದಲ್ಲಿ ನಾಶವಾಯಿತು. ಅಷ್ಟೇ.

ನಾನು ಚೀಟಿಯ ಮೂಲೆಗೆ ಉಗುರು ಹಾಕಿ ಎಳೆದೆ. ಅಂಟು ಗಟ್ಟಿಯಾಗಿತ್ತು. ಚೀಟಿ ಬಂತು, ಅದರೊಂದಿಗೆ ಹಾಳೆಯೂ ಹರಿದು ಬಂತು. ಮನೆ ಹೋಯಿತು, ನಾಲ್ಕು ಹೆಸರೂ ಹೋದವು. ಅಲ್ಲಿ ಹಿಂದಿನ ಬಿಳಿ ಹಲಗೆ ಕಂಡಿತು. ಹರಿದ ಸದ್ದಿಗೆ ಸುತ್ತಲಿನವರು ತಿರುಗಿ ನೋಡಿದರು. ತಾದೇವುಷ್ ಅವಸರದಿಂದ ಬಂದರು.

"ಮೇಡಂ, ದಯವಿಟ್ಟು. ಇದು ನಿಮ್ಮ ಇತಿಹಾಸವಲ್ಲ."

"ಇತಿಹಾಸ ನಿಮ್ಮದೇ," ಎಂದೆ. "ನಕಾಶೆ ನನ್ನದು. ಮೂಲೆಯಲ್ಲಿ ಸಹಿ ಇದೆ, ನೋಡಿ."

ಚೀಲದಿಂದ ಪೆನ್ನು ತೆಗೆದು ಆ ಬಿಳಿ ಹಲಗೆಯ ಮೇಲೆಯೇ ಮನೆಯ ಗೋಡೆ ಎಳೆಯತೊಡಗಿದೆ.

ಹಿಂದೆ ಕೋಲು ನೆಲಕ್ಕೆ ಬಡಿದ ಸದ್ದಾಯಿತು. ಪಾನಿ ಝೋಫಿಯಾ ಸಭೆಯ ಕಡೆ ತಿರುಗಿ ನಿಂತಿದ್ದರು. ಅವರು ಪೋಲಿಷ್ ಭಾಷೆಯಲ್ಲಿ ಮಾತಾಡಿದರು, ಒಂದೇ ಉಸಿರಿನಲ್ಲಿ ಎಂಬಂತೆ. ನನಗೆ ತಿಳಿದದ್ದು ಎರಡೇ ಪದ. ಒಂದು ರುಖ್ಲಾ. ಇನ್ನೊಂದು ಅವರ ಮನೆಯ ಚಹಾದ ಹೊತ್ತಿನಲ್ಲಿ ಕಲಿತಿದ್ದ ತ್ಸುಕ್ಯೆರ್, ಎಂದರೆ ಸಕ್ಕರೆ. ಆ ಪದ ಬಂದಾಗ ಒಬ್ಬ ಹೆಂಗಸು ಕೈಚೀಲ ಎತ್ತಿಕೊಂಡು ಹೊರಟುಹೋದಳು. ಪದಕದ ಮುದುಕರೊಬ್ಬರು ಏನೋ ಕೂಗಿದರು. ಪಾನಿ ಝೋಫಿಯಾ ಅವರಿಗಿಂತ ಜೋರಾಗಿ ಕೂಗಿದರು. ಇನ್ನೊಬ್ಬ ಹೆಂಗಸು ಕನ್ನಡಕ ಹಾಕಿಕೊಂಡು ನನ್ನ ಪಕ್ಕಕ್ಕೆ ಬಂದು, ನಾನು ಬರೆಯುವುದನ್ನು ಹತ್ತಿರದಿಂದ ನೋಡುತ್ತ ನಿಂತಳು.

ಮನೆ ಮುಗಿಯಿತು. ಹೆಸರು ಬರೆಯಬೇಕು. ಅವರ ಲಿಪಿಯಲ್ಲಿ ಕೆಲವು ಅಕ್ಷರಗಳಿಗೆ ಬಾಲ, ಕೆಲವಕ್ಕೆ ತಲೆಯ ಮೇಲೆ ಗೆರೆ. ಯಾವುದಕ್ಕೆ ಯಾವುದೆಂದು ಗಾಬರಿಯಲ್ಲಿ ಮರೆತೇಹೋಯಿತು. ತಪ್ಪು ಬರೆಯಲು ಮನಸ್ಸಿಲ್ಲ. ಹತ್ತಿರ ನಿಂತಿದ್ದವರು ತಾದೇವುಷ್.

"ಮೋಷೆಯ ಮನೆತನದ ಹೆಸರಿನ ಅಕ್ಷರ ಹೇಳಿ," ಎಂದೆ.

ಅವರು ನನ್ನನ್ನು ನೋಡಿದರು, ಹರಿದ ಹಾಳೆಯನ್ನು ನೋಡಿದರು. ನಾನು ಕಿತ್ತು ಬಿಟ್ಟ ಚೀಟಿ ಅವರ ಕೈಯಲ್ಲಿತ್ತು, ಹಿಂಬದಿಗೆ ನಮ್ಮ ಮನೆ ಅಂಟಿಕೊಂಡಿತ್ತು. ಆಮೇಲೆ ಚೀಟಿಯನ್ನು ದೀಪದ ಬೆಳಕಿಗೆ ಎತ್ತಿ ಹಿಡಿದು, ಹಿಂದಿನಿಂದ ಮೂಡಿ ಕಂಡ ಹೆಸರು ಓದುತ್ತ, ಮೆಲುದನಿಯಲ್ಲಿ ಒಂದೊಂದೇ ಅಕ್ಷರ ಹೇಳಿದರು. ಒಂದು ಕಡೆ ನಾನು ತಪ್ಪಿದಾಗ, "ಇಲ್ಲ, ಗೆರೆ ಮೇಲೆ ಬರಬೇಕು," ಎಂದು ಬೆರಳಿನಿಂದ ತೋರಿಸಿದರು. ನಾಲ್ಕು ಹೆಸರೂ ಆದವು. ಎರಡು ಸಾಲೂ ಆಯಿತು.

ನಾನು ಪೆನ್ನಿನ ಮುಚ್ಚಳ ಹಾಕಹೊರಟೆ. ಪಾನಿ ಝೋಫಿಯಾ ಕೋಲನ್ನು ನಕಾಶೆಯ ನಡುವಿಗೆ ಚಾಚಿದರು.

"ಏಳನೆಯ ಮನೆ ಖಾಲಿ ಇದೆ," ಎಂದರು, ಈಗ ಇಂಗ್ಲಿಷಿನಲ್ಲಿ, ಮಕ್ಕಳಿಗೂ ತಿಳಿಯುವಂತೆ. "ಅದಕ್ಕೂ ಹೆಸರು ಬೇಕು."

ತಾದೇವುಷ್ ಬಾಯಿ ತೆರೆದರು. ಪಾನಿ ಝೋಫಿಯಾ ಕೈಯೆತ್ತಿ ತಡೆದರು.

"ನೀವು ಬೇಡ. ಇದನ್ನು ನಾನು ಹೇಳುತ್ತೇನೆ."

ತಮ್ಮ ತವರಿನ ಹೆಸರನ್ನು, ಚಿಕ್ಕಪ್ಪನದೂ ಅಪ್ಪನದೂ ತಮ್ಮದೂ ಆಗಿದ್ದ ಹೆಸರನ್ನು, ಒಂದೊಂದೇ ಅಕ್ಷರವಾಗಿ, ಇಡೀ ಸಭಾಭವನಕ್ಕೆ ಕೇಳುವಂತೆ ಹೇಳಿದರು. ನಾನು ಬರೆದೆ.